ಬೆರಕೆ ಚಿನ್ನ, ಒಣದ್ರಾಕ್ಷಿ ಮತ್ತು ಶೇಕಡಾ ಲೆಕ್ಕ

ಒಂದು ಪಾತ್ರೆಯಲ್ಲಿ ಶೇ. 10ರ ಸಕ್ಕರೆ ನೀರು 100 ಗ್ರಾಂ ಇದೆ, ಇನ್ನೊಂದರಲ್ಲಿ ಶೇ. 30ರದ್ದು 300 ಗ್ರಾಂ. ಎರಡನ್ನೂ ಬೆರೆಸಿದರೆ ಸಕ್ಕರೆ ಶೇಕಡಾ ಎಷ್ಟು? ಹತ್ತಕ್ಕೆ ಮೂವತ್ತು ಕೂಡಿಸಿ, ಎರಡರಿಂದ ಭಾಗಿಸಿ, 20 ಎಂದು ಬರೆದುಬಿಡುವ ಮಕ್ಕಳು ಕಡಿಮೆಯಿಲ್ಲ. ಅವರನ್ನು ದೂರುವಂತೆಯೂ ಇಲ್ಲ. ಶೇಕಡಾ ಎಂಬುದು ನೋಡಲು ಬಿಡಿ ಸಂಖ್ಯೆಯಂತೆಯೇ ಇರುತ್ತದೆ. ನಿಜದಲ್ಲಿ ಅದು 'ಇಷ್ಟರಲ್ಲಿ ಇಷ್ಟು' ಎಂಬ ಸಂಬಂಧ. ಆ ಮೊದಲ 'ಇಷ್ಟು' ಎರಡು ಪಾತ್ರೆಗಳಲ್ಲೂ ಒಂದೇ ಆಗಿಲ್ಲದಿದ್ದರೆ ಶೇಕಡಾಗಳ ಸರಾಸರಿ ತೆಗೆಯುವಂತಿಲ್ಲ. ಕೂಡಿಸಲು ಬರುವುದು ಸಕ್ಕರೆಯನ್ನು ಮಾತ್ರ. ಮೊದಲ ಪಾತ್ರೆಯಲ್ಲಿ 10 ಗ್ರಾಂ, ಎರಡನೆಯದರಲ್ಲಿ 90 ಗ್ರಾಂ. 400ರಲ್ಲಿ 100 ಎಂದರೆ ಶೇ. 25.

ಇದು ಅಕ್ಕಸಾಲಿಗರ ಹಳೆಯ ಲೆಕ್ಕ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯ ತನ್ನ 'ಗಣಿತಸಾರಸಂಗ್ರಹ'ದಲ್ಲಿ ಬೆರಕೆ ಚಿನ್ನದ ಲೆಕ್ಕಗಳನ್ನು ಕೊಟ್ಟಿದ್ದಾನೆ. 1150ರಲ್ಲಿ ಭಾಸ್ಕರಾಚಾರ್ಯ ಬರೆದ 'ಲೀಲಾವತಿ'ಯಲ್ಲಂತೂ ಒಂದು ಸೊಗಸಾದ ಪ್ರಶ್ನೆಯಿದೆ. 10, 4, 2, 4 ಮಾಷ ತೂಕದ ನಾಲ್ಕು ಚಿನ್ನದ ತುಂಡುಗಳು. ಅವುಗಳ ವರ್ಣ, ಅಂದರೆ ಶುದ್ಧತೆ, ಕ್ರಮವಾಗಿ 13, 12, 11, 10. ಒಟ್ಟಿಗೆ ಕರಗಿಸಿದರೆ ಗಟ್ಟಿಯ ವರ್ಣ ಎಷ್ಟು? ಇಂದು ನಾವು 24 ಕ್ಯಾರೆಟ್ ಎನ್ನುವ ಅಪ್ಪಟ ಚಿನ್ನ ಆಗಿನ ಅಳತೆಯಲ್ಲಿ 16 ವರ್ಣ. ಪ್ರತಿ ತುಂಡಿನ ತೂಕವನ್ನು ಅದರ ವರ್ಣದಿಂದ ಗುಣಿಸಿ ಕೂಡಿಸಿ: 130, 48, 22, 40, ಒಟ್ಟು 240. ತೂಕ 20 ಮಾಷ. 240ನ್ನು 20ರಿಂದ ಭಾಗಿಸಿದರೆ 12 ವರ್ಣ.

ಅಲ್ಲಿಗೇ ಬಿಡದೆ ಭಾಸ್ಕರ ಮುಂದೆ ಕೇಳುತ್ತಾನೆ: ಈ 20 ಮಾಷದ ಗಟ್ಟಿಯನ್ನು ಪುಟಕ್ಕಿಟ್ಟಾಗ 16 ಮಾಷ ಉಳಿದರೆ ವರ್ಣ ಎಷ್ಟು? ನನಗೆ ಈ ಎರಡನೆಯ ಪ್ರಶ್ನೆಯೇ ಹೆಚ್ಚು ಇಷ್ಟ. ಬೆಂಕಿಯಲ್ಲಿ ತಾಮ್ರದಂಥ ಬೆರಕೆ ಆಮ್ಲಜನಕದೊಂದಿಗೆ ಸೇರಿ ಕಿಟ್ಟವಾಗಿ ಬೇರ್ಪಡುತ್ತದೆ. ಚಿನ್ನ ಆಮ್ಲಜನಕಕ್ಕೆ ಜಗ್ಗುವುದಿಲ್ಲ. ಹಾಗಾಗಿ 240 ಎಂಬುದು 240 ಆಗಿಯೇ ಉಳಿಯುತ್ತದೆ. 16ರಿಂದ ಭಾಗಿಸಿದರೆ 15 ವರ್ಣ. ತೂಕ ಇಳಿಯಿತು, ವರ್ಣ ಏರಿತು, ಚಿನ್ನ ಅಷ್ಟೇ ಇದೆ. ಯಾವ ಮಿಶ್ರಣದ ಲೆಕ್ಕವೇ ಬರಲಿ, ಮೊದಲು ಕೇಳಬೇಕಾದ ಪ್ರಶ್ನೆ ಒಂದೇ: ಇಲ್ಲಿ ಬದಲಾಗದೆ ಉಳಿದದ್ದು ಯಾವುದು?

ಭಾಸ್ಕರನ ಊರು ವಿಜಯಪುರ ಜಿಲ್ಲೆಯ ಬಿಜ್ಜರಗಿ ಎನ್ನುವವರಿದ್ದಾರೆ, ಅಲ್ಲ ಎನ್ನುವವರೂ ಇದ್ದಾರೆ. ಆ ಜಗಳ ನಮಗೆ ಬೇಡ, ಅದೇ ಜಿಲ್ಲೆಯ ದ್ರಾಕ್ಷಿ ಸಾಕು. ಹಸಿ ದ್ರಾಕ್ಷಿಯಲ್ಲಿ ನೀರು ಸುಮಾರು ಶೇ. 80, ಒಣದ್ರಾಕ್ಷಿಯಲ್ಲಿ ಸುಮಾರು ಶೇ. 15. ಹಾಗಾದರೆ 100 ಕಿಲೋ ಹಣ್ಣು ಒಣಗಿದರೆ ಎಷ್ಟು ಸಿಗುತ್ತದೆ? 80ರಲ್ಲಿ 15 ಕಳೆದು, 65 ಕಿಲೋ ನೀರು ಹೋಯಿತು, 35 ಕಿಲೋ ಉಳಿಯಿತು ಎನ್ನುವುದು ಮೊದಲಿನದೇ ತಪ್ಪು. ಆವಿಯಾಗಿ ಹೋಗುವುದು ನೀರು. ನೀರನ್ನು ಬಿಟ್ಟು ಉಳಿದ ಸಕ್ಕರೆ, ಸಿಪ್ಪೆ, ನಾರು ಸೇರಿ 20 ಕಿಲೋ; ಅದು ಎಲ್ಲಿಗೂ ಹೋಗಿಲ್ಲ. ಒಣಗಿದ ಮೇಲೆ ಆ 20 ಕಿಲೋ ಒಟ್ಟು ತೂಕದ ಶೇ. 85 ಆಗಬೇಕು. 20ನ್ನು 0.85ರಿಂದ ಭಾಗಿಸಿದರೆ ಸುಮಾರು 23.5 ಕಿಲೋ. ನಾಲ್ಕು ಕಿಲೋ ಹಣ್ಣಿಗೆ ಒಂದು ಕಿಲೋ ಒಣದ್ರಾಕ್ಷಿ ಎಂಬ ಅಂದಾಜಿನ ಮೂಲ ಇದೇ.

ಇನ್ನೂ ತಲೆಕೆಡಿಸುವ ರೂಪ ಬೇಕೇ? ಶೇ. 99 ನೀರಿರುವ 100 ಕಿಲೋ ಸರಕು ಬಿಸಿಲಲ್ಲಿ ಬಾಡಿ ನೀರು ಶೇ. 98ಕ್ಕೆ ಇಳಿಯಿತು. ಈಗ ತೂಕ 50 ಕಿಲೋ! ನಂಬಿಕೆ ಬಾರದಿದ್ದರೆ ನೀರಲ್ಲದ ಆ ಒಂದು ಕಿಲೋವನ್ನು ಹಿಡಿದುಕೊಂಡು ಲೆಕ್ಕ ಹಾಕಿ.

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರು ಇಷ್ಟೆಲ್ಲ ಮಾಡುವುದಿಲ್ಲ; ಅಡ್ಡಗೆರೆ ಎಳೆದು 'ಅಲಿಗೇಶನ್' ಮಾಡಿ, ಅಂದರೆ ಎರಡು ಶೇಕಡಾಗಳೂ ಬೇಕಾದ ಶೇಕಡಾದಿಂದ ಎಷ್ಟೆಷ್ಟು ದೂರ ಎಂದು ಕಳೆದು ಬೆರೆಸುವ ಪ್ರಮಾಣ ಕಂಡುಕೊಂಡು, ಮುಗಿಸುತ್ತಾರೆ. ಹಾಲಿನ ಡೇರಿಗಳಲ್ಲಿ ಇದೇ ವಿಧಾನಕ್ಕೆ ಪಿಯರ್ಸನ್ ಚೌಕ ಎಂಬ ಹೆಸರು. ಶೇ. 6 ಕೊಬ್ಬಿನ ಹಾಲನ್ನೂ ಶೇ. 1.5ರದ್ದನ್ನೂ ಬೆರೆಸಿ ಶೇ. 3ರ ಟೋನ್ಡ್ ಹಾಲು ಮಾಡಬೇಕು ಅನ್ನಿ. ಮೊದಲನೆಯದರ ಪ್ರತಿ ಕಿಲೋದಲ್ಲಿ ಬೇಕಾದ್ದಕ್ಕಿಂತ 30 ಗ್ರಾಂ ಕೊಬ್ಬು ಹೆಚ್ಚಿದೆ, ಎರಡನೆಯದರಲ್ಲಿ 15 ಗ್ರಾಂ ಕೊರತೆ. ಒಂದು ಕಿಲೋದ ಹೆಚ್ಚಳ ಎರಡು ಕಿಲೋದ ಕೊರತೆಯನ್ನು ತುಂಬುತ್ತದೆ; ಆದ್ದರಿಂದ ಪ್ರಮಾಣ 1:2. ಕೊಬ್ಬಿನ ಗ್ರಾಂ ಕಾಣದೆ ಬರೀ ಗೆರೆ ಎಳೆಯುವುದನ್ನು ಕಲಿತವರು, ಮೂರು ಬಗೆಯ ಹಾಲು ಬಂದ ಕೂಡಲೇ ಕಂಗಾಲಾಗುತ್ತಾರೆ.

ಪ್ರಶ್ನೆ ಬರೆಯುವವರ ಮೇಲೂ ಒಂದು ತಕರಾರಿದೆ. 50 ಮಿಲಿಲೀಟರ್ ನೀರಿಗೆ 50 ಮಿಲಿಲೀಟರ್ ಆಲ್ಕೋಹಾಲ್ ಬೆರೆಸಿದರೆ 100 ಎಂದು ಪುಸ್ತಕಗಳು ಲೆಕ್ಕ ಹಿಡಿಯುತ್ತವೆ. ಅಳತೆ ಜಾಡಿಯಲ್ಲಿ ಸಿಗುವುದು 96ರಿಂದ 97. ಎರಡರ ಅಣುಗಳೂ ಬೆರೆತಾಗ ಮೊದಲಿಗಿಂತ ಒತ್ತಾಗಿ ಕೂರುತ್ತವೆ. ತೂಕ ಮಾತ್ರ ಗ್ರಾಮಿನಷ್ಟೂ ಕಳೆಯುವುದಿಲ್ಲ. ಹಾಗಾಗಿ ಇಂಥ ಪ್ರಶ್ನೆಗಳಲ್ಲಿ ಲೀಟರ್ ಬದಲು ಕಿಲೋ ಎಂದು ಬರೆದರೆ ಲೆಕ್ಕವೂ ಸರಿಹೋಗುತ್ತದೆ, ರಸಾಯನಶಾಸ್ತ್ರದ ಮೇಷ್ಟ್ರೂ ಸುಮ್ಮನಿರುತ್ತಾರೆ.