ಅರ್ಧ ಗಂಟೆಯ ಚಿತ್ರವೆಂದು ಹೊರಟವರು

1980ರ ದಶಕದ ಉತ್ತರಾರ್ಧದಲ್ಲಿ ಅಮೆರಿಕದ ಚಿತ್ರ ನಿರ್ದೇಶಕ ಸ್ಟೀವ್ ಜೇಮ್ಸ್ ಇಬ್ಬರು ಗೆಳೆಯರೊಂದಿಗೆ ಶಿಕಾಗೋದ ಬೀದಿ ಬ್ಯಾಸ್ಕೆಟ್‌ಬಾಲ್ ಬಗ್ಗೆ ಅರ್ಧ ಗಂಟೆಯ ಸಾಕ್ಷ್ಯಚಿತ್ರ ಮಾಡಲು ಹೊರಟರು. ಸಿಕ್ಕಿದ್ದು ಹದಿನಾಲ್ಕರ ಇಬ್ಬರು ಹುಡುಗರು: ವಿಲಿಯಂ ಗೇಟ್ಸ್, ಆರ್ಥರ್ ಏಜಿ. ಅವರ ಬೆನ್ನುಹತ್ತಿ ಐದು ವರ್ಷ ಕಳೆಯಿತು, ಸುಮಾರು 250 ಗಂಟೆಗಳ ಚಿತ್ರೀಕರಣ ಗುಡ್ಡೆಯಾಯಿತು. ಅದರಿಂದ ಸೋಸಿ ತೆಗೆದ, ಮೂರು ಗಂಟೆಗೆ ತುಸು ಕಡಿಮೆಯ ‘ಹೂಪ್ ಡ್ರೀಮ್ಸ್’ 1994ರಲ್ಲಿ ತೆರೆ ಕಂಡಿತು.

ಇಬ್ಬರನ್ನೂ ಕರೆದುಕೊಂಡದ್ದು ಉಪನಗರದ ಸೇಂಟ್ ಜೋಸೆಫ್ ಶಾಲೆ. ಬ್ಯಾಸ್ಕೆಟ್‌ಬಾಲ್ ತಾರೆ ಐಸಾಯಾ ಥಾಮಸ್ ಆಡಿ ಬೆಳೆದ ಶಾಲೆ. ಹೋಗಲು ಒಂದೂವರೆ ಗಂಟೆ, ಬರಲು ಅಷ್ಟೇ. ವಿಲಿಯಂನ ಶುಲ್ಕಕ್ಕೆ ದಾನಿಗಳು ಒದಗಿದರು. ಆರ್ಥರನ ಮನೆಯವರಿಗೆ ಶುಲ್ಕ ಕಟ್ಟಲಾಗಲಿಲ್ಲ. ವರ್ಷದ ನಡುವೆಯೇ ಅವನು ಮಾರ್ಷಲ್ ಎಂಬ ಸರ್ಕಾರಿ ಶಾಲೆಗೆ ಸೇರಬೇಕಾಯಿತು. ಮುಂದೆ ವಿಲಿಯಂನ ಮೊಣಕಾಲು ಕೈಕೊಟ್ಟಿತು. 1991ರಲ್ಲಿ ಮಾರ್ಷಲ್ ತಂಡ ರಾಜ್ಯಕ್ಕೆ ಮೂರನೆಯದಾಯಿತು. ಅರ್ಧ ಗಂಟೆಗೇ ಕ್ಯಾಮೆರಾ ಮಡಚಿಟ್ಟಿದ್ದರೆ ಈ ಏರುಪೇರು ಯಾರಿಗೂ ಕಾಣುತ್ತಿರಲಿಲ್ಲ.

ಪಂದ್ಯಗಳಿಗಿಂತ ನನ್ನ ನೆನಪಿನಲ್ಲಿ ಉಳಿದಿರುವವರು ಆರ್ಥರನ ತಾಯಿ ಶೀಲಾ. ಮಗನಿಗೆ ಹದಿನೆಂಟು ತುಂಬಿದ ದಿನ ಕೇಕ್ ಸಿದ್ಧಪಡಿಸುತ್ತಾ, ಅವನು ಈ ವಯಸ್ಸು ಮುಟ್ಟಿದನಲ್ಲ ಎಂಬುದಕ್ಕೇ ಆಕೆ ಸಂತೋಷಪಡುತ್ತಾರೆ. ಶುಶ್ರೂಷಾ ಸಹಾಯಕಿ ತರಗತಿಯಲ್ಲಿ ತಮಗೇ ಅತಿ ಹೆಚ್ಚು ಅಂಕ ಬಂದಿದೆಯೆಂದು ತಿಳಿದಾಗ ಬಿಕ್ಕಿ ಅಳುತ್ತಾರೆ. ಆ ಮನೆಗೆ ವಿದ್ಯುತ್ ಕಡಿತವಾದಾಗ ಚಿತ್ರತಂಡವೇ ಹಣ ಕೊಟ್ಟು ದೀಪ ಹತ್ತಿಸಿತ್ತು. ಎದುರಿಗಿರುವವರ ಕಷ್ಟದಲ್ಲಿ ಕೈಹಾಕದೆ ದೂರ ನಿಲ್ಲಬೇಕೆಂಬ ಸಾಕ್ಷ್ಯಚಿತ್ರದ ಹಳೆಯ ಮಡಿ ಅಲ್ಲಿಗೇ ಕೆಟ್ಟಿತು. ಕೆಟ್ಟದ್ದೇ ಒಳ್ಳೆಯದಾಯಿತು ಎನ್ನುವವನು ನಾನು. ಚಿತ್ರ ಗಳಿಸಿದಾಗ ಎರಡೂ ಕುಟುಂಬಗಳಿಗೆ ಪಾಲು ಹೋಯಿತು.

ವಿಮರ್ಶಕ ರೋಜರ್ ಈಬರ್ಟ್ ಈ ಚಿತ್ರವನ್ನು ಹೊತ್ತು ಮೆರೆಸಿದರು. ಆಸ್ಕರ್‌ನ ಸಾಕ್ಷ್ಯಚಿತ್ರ ವಿಭಾಗದಲ್ಲಿ ಮಾತ್ರ ಅದು ನಾಮನಿರ್ದೇಶನವನ್ನೇ ಪಡೆಯಲಿಲ್ಲ, ಸಂಕಲನಕ್ಕೆ ಪಡೆಯಿತು! ಎದ್ದ ಗದ್ದಲಕ್ಕೆ ಅಕಾಡೆಮಿ ತನ್ನ ಆಯ್ಕೆ ಪದ್ಧತಿಯನ್ನೇ ತಿದ್ದಬೇಕಾಯಿತು.

ಇಬ್ಬರೂ ಹುಡುಗರು ಅಮೆರಿಕದ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಲೀಗ್ ಆದ ಎನ್‌ಬಿಎ ತಲುಪಲಿಲ್ಲ. ಜೇಮ್ಸ್ ಕೂಡ ಕ್ರೀಡೆಯೊಂದಕ್ಕೇ ಅಂಟಿಕೊಳ್ಳಲಿಲ್ಲ, ಆದರೆ ಅತ್ತ ಮತ್ತೆ ಮತ್ತೆ ಮರಳಿದರು. 2010ರಲ್ಲಿ ತಮ್ಮದೇ ಊರಾದ ಹ್ಯಾಂಪ್ಟನ್‌ಗೆ ಹೋಗಿ, ಶಾಲಾ ದಿನಗಳಲ್ಲೇ ಕಟಕಟೆ ಹತ್ತಿದ, ಮುಂದೆ ಎನ್‌ಬಿಎ ತಾರೆಯಾದ ಅಲೆನ್ ಐವರ್ಸನ್‌ನ ಪ್ರಕರಣವನ್ನು ಸಾಕ್ಷ್ಯಚಿತ್ರವೊಂದರಲ್ಲಿ ಕೆದಕಿದರು. ಊರು ಬಿಳಿಯರು, ಕರಿಯರು ಎಂದು ಸೀಳಿದ್ದನ್ನು ಹೇಳುವಾಗ ಅವರು ತಮ್ಮನ್ನೂ ಕ್ಯಾಮೆರಾದ ಮುಂದೆ ತಂದುಕೊಂಡರು.

2018ರ ಸಾಕ್ಷ್ಯಚಿತ್ರ ‘ಮೈಂಡಿಂಗ್ ದ ಗ್ಯಾಪ್’ಗೆ ಜೇಮ್ಸ್ ಕಾರ್ಯಕಾರಿ ನಿರ್ಮಾಪಕರಷ್ಟೇ. ನಿರ್ದೇಶಕ ಬಿಂಗ್ ಲಿಯು, ಇಲಿನಾಯ್ ರಾಜ್ಯದ ರಾಕ್‌ಫರ್ಡ್‌ನಲ್ಲಿ ತನ್ನೊಂದಿಗೆ ಸ್ಕೇಟ್‌ಬೋರ್ಡ್ ಆಡುತ್ತಾ ಬೆಳೆದ ಗೆಳೆಯರನ್ನು ವರ್ಷಗಟ್ಟಲೆ ಚಿತ್ರಿಸಿದ. ಕೊನೆಗೆ ತಾಯಿಯನ್ನೇ ಎದುರು ಕೂರಿಸಿಕೊಂಡು, ಮಲತಂದೆಯ ಹೊಡೆತಗಳ ಬಗ್ಗೆ ಕೇಳುತ್ತಾನೆ. ಒಂದು ಕ್ಯಾಮೆರಾ ತಾಯಿಯತ್ತ ತಿರುಗಿದೆ. ಇನ್ನೊಂದು ಅವನತ್ತ.