ಡೌಡಿಂಗ್ ಸಿಸ್ಟಮ್: ಒಂದು ಏರ್ಪಾಡು, ಅದರ ಹಿಂದಿನ ಗಂಟುಮುಖದ ಮನುಷ್ಯ

‘ವ್ಯವಸ್ಥೆ’ ಎಂಬ ಮಾತನ್ನು ನಾವು ಎರಡು ಕಡೆ ಧಾರಾಳವಾಗಿ ಬಳಸುತ್ತೇವೆ. ಸರ್ಕಾರವನ್ನು ಬೈಯುವಾಗ ಒಮ್ಮೆ, ಮದುವೆಗೆ ಹೋಗಿ ಬಂದವರನ್ನು ‘ಊಟದ ವ್ಯವಸ್ಥೆ ಹೇಗಿತ್ತು?’ ಎಂದು ಕೇಳುವಾಗ ಇನ್ನೊಮ್ಮೆ. ಎರಡನೇ ಮಹಾಯುದ್ಧದ ಬಗ್ಗೆ ಓದುವವರಿಗೆ ಎದುರಾಗುವ ‘ಡೌಡಿಂಗ್ ಸಿಸ್ಟಮ್’ ಎಂಬ ಪದ ಈ ಎರಡನೆಯ ಅರ್ಥಕ್ಕೆ ಹತ್ತಿರ. ಯಾವ ಸುದ್ದಿ ಎಲ್ಲಿಂದ ಬರಬೇಕು, ಯಾರು ಅದನ್ನು ಸೋಸಬೇಕು, ಯಾರ ಎಲೆಗೆ ಎಷ್ಟು ಹೊತ್ತಿನೊಳಗೆ ಬಡಿಸಬೇಕು ಎಂಬುದರ ಏರ್ಪಾಡು ಅದು. 1940ರ ಬೇಸಿಗೆಯಲ್ಲಿ ಜರ್ಮನ್ ವಾಯುಪಡೆ ಬ್ರಿಟನ್ ಮೇಲೆ ಎರಗಿದಾಗ ಆ ದೇಶದ ಆಕಾಶ ಉಳಿದದ್ದು ಇದರ ಬಲದಿಂದ. ಹೆಸರು ಬಂದದ್ದು ಬ್ರಿಟನ್ನಿನ ವಾಯುಪಡೆಯಾದ ರಾಯಲ್ ಏರ್ ಫೋರ್ಸಿನಲ್ಲಿ, ಶತ್ರು ವಿಮಾನಗಳನ್ನು ಎದುರಿಸುವ ಫೈಟರ್ ವಿಮಾನಗಳ ವಿಭಾಗವಾದ ಫೈಟರ್ ಕಮಾಂಡ್ ಮುಖ್ಯಸ್ಥರಾಗಿದ್ದ ಏರ್ ಚೀಫ್ ಮಾರ್ಷಲ್ ಹ್ಯೂ ಡೌಡಿಂಗ್ ಅವರಿಂದ.

ಡೌಡಿಂಗ್ ಹುಟ್ಟಿದ್ದು 1882ರಲ್ಲಿ, ಸ್ಕಾಟ್ಲೆಂಡಿನ ಮಾಫಟ್ ಎಂಬ ಊರಿನಲ್ಲಿ. ಮೊದಲು ಫಿರಂಗಿ ದಳದ ಅಧಿಕಾರಿ. ಸಿಲೋನ್, ಹಾಂಗ್‌ಕಾಂಗ್, ಭಾರತ ಎಲ್ಲ ಸುತ್ತಿದ ಮೇಲೆ 1913ರಲ್ಲಿ ವಿಮಾನ ಹಾರಿಸಲು ಕಲಿತರು. ಸಹೋದ್ಯೋಗಿಗಳು ಇಟ್ಟ ಅಡ್ಡಹೆಸರು ‘ಸ್ಟಫಿ’. ಕಿಟಕಿ ತೆರೆಯದ ಕೋಣೆಯಂಥ ಮನುಷ್ಯ ಎನ್ನಬಹುದು. ನಗು ಕಡಿಮೆ, ಹರಟೆ ಇಲ್ಲ, ಮೇಲಿನವರ ಮುಖ ನೋಡಿ ಮಾತಾಡುವ ಅಭ್ಯಾಸ ಮೊದಲೇ ಇಲ್ಲ. 1916ರಲ್ಲಿ, ದಣಿದ ಪೈಲಟ್‌ಗಳಿಗೆ ವಿಶ್ರಾಂತಿ ಕೊಡಿ ಎಂದು ಕೇಳಿ ತಮ್ಮ ಮೇಲಧಿಕಾರಿ ಟ್ರೆಂಚರ್ಡ್ ಅವರ ಅಸಮಾಧಾನ ಕಟ್ಟಿಕೊಂಡರು. ಮದುವೆಯಾದ ಎರಡೇ ವರ್ಷಕ್ಕೆ, 1920ರಲ್ಲಿ ಹೆಂಡತಿ ತೀರಿಕೊಂಡರು. ಮಗ ಡೆರೆಕ್ ಮುಂದೆ ಸ್ಪಿಟ್‌ಫೈರ್ ಎಂಬ ಫೈಟರ್ ವಿಮಾನದ ಪೈಲಟ್ ಆಗಿ ಅಪ್ಪನ ಕಮಾಂಡಿನಲ್ಲೇ ಯುದ್ಧಕ್ಕಿಳಿದ.

ಆ ಕಾಲದ ನಂಬಿಕೆಯೇನು ಗೊತ್ತೆ? ಬಾಂಬರ್ ವಿಮಾನ ಹೇಗಾದರೂ ನುಗ್ಗಿ ಬಂದೇ ಬರುತ್ತದೆ ಎಂದು ಬ್ರಿಟನ್ನಿನ ಹಿರಿಯ ರಾಜಕಾರಣಿ ಬಾಲ್ಡ್ವಿನ್ 1932ರಲ್ಲಿ ಸಂಸತ್ತಿನಲ್ಲೇ ಹೇಳಿಬಿಟ್ಟಿದ್ದರು. ಅದಕ್ಕೆ ಕಾರಣವೂ ಇತ್ತು. ಡೋವರ್ ಜಲಸಂಧಿಯ ಕಿರಿದಾದ ಭಾಗ ಸುಮಾರು 33 ಕಿಲೋಮೀಟರ್, ಬಾಂಬರಿಗೆ ಕೆಲವೇ ನಿಮಿಷದ ದಾರಿ. ಕಣ್ಣಿಗೆ ಬಿದ್ದ ಮೇಲೆ ಹೊರಟರೆ ಎತ್ತರಕ್ಕೆ ಏರುವುದರೊಳಗೆ ಕೆಲಸ ಮುಗಿದಿರುತ್ತದೆ. ಸದಾ ಆಕಾಶದಲ್ಲಿ ಗಸ್ತು ತಿರುಗುತ್ತಿರೋಣವೆಂದರೆ ಅಷ್ಟು ಇಂಧನವೂ ಇಲ್ಲ, ಪೈಲಟ್‌ಗಳೂ ಇಲ್ಲ.

1935ರಲ್ಲಿ ವಿಜ್ಞಾನಿ ವಾಟ್ಸನ್-ವಾಟ್ ರೇಡಿಯೊ ಅಲೆಗಳಿಂದ ವಿಮಾನ ಪತ್ತೆ ಮಾಡಬಹುದೆಂದಾಗ, ಸಂಶೋಧನೆಯ ಹೊಣೆ ಹೊತ್ತಿದ್ದ ಡೌಡಿಂಗ್ ಹೇಳಿದ್ದರ ತಾತ್ಪರ್ಯ: ಮೊದಲು ತೋರಿಸಿ, ಆಮೇಲೆ ದುಡ್ಡು. ಫೆಬ್ರವರಿ 26ರಂದು ಡ್ಯಾವೆಂಟ್ರಿ ಬಳಿ ಬಿಬಿಸಿ ಪ್ರಸಾರ ಕೇಂದ್ರದ ಅಲೆಗಳು ಹೇಫರ್ಡ್ ಬಾಂಬರಿಗೆ ಬಡಿದು ಮರಳಿದ್ದನ್ನು ತೋರಿಸಲಾಯಿತು. ದುಡ್ಡು ಬಂತು, ಕರಾವಳಿಯುದ್ದಕ್ಕೂ ‘ಚೈನ್ ಹೋಮ್’ ಎಂಬ ರೇಡಾರ್ ಗೋಪುರಗಳ ಸಾಲು ಎದ್ದಿತು. 1936ರಲ್ಲಿ ಫೈಟರ್ ಕಮಾಂಡ್ ಹುಟ್ಟಿದಾಗ ಡೌಡಿಂಗ್ ಅದರ ಮೊದಲ ಮುಖ್ಯಸ್ಥರಾಗಿ ಲಂಡನ್ ಹೊರವಲಯದ ಬೆಂಟ್ಲಿ ಪ್ರಯರಿಯಲ್ಲಿ ಕುಳಿತರು.

ರೇಡಾರೇ ಗೆಲ್ಲಿಸಿತು ಎಂದು ಹೇಳಿ ಮುಗಿಸುವವರು ಬಹಳ. ನನಗದು ಅರ್ಧ ಸತ್ಯವಾಗಿ ಕಾಣುತ್ತದೆ. ಜರ್ಮನರ ಬಳಿಯೂ ರೇಡಾರ್ ಇತ್ತು. ಚೈನ್ ಹೋಮ್ ದೂರವನ್ನು ಚೆನ್ನಾಗಿಯೇ ಹೇಳುತ್ತಿತ್ತು. ಎತ್ತರ, ಸಂಖ್ಯೆಗಳಲ್ಲಿ ಎಡವುತ್ತಿತ್ತು. ಒಂದೇ ಗುಂಪನ್ನು ಮೂರು ಕೇಂದ್ರಗಳು ಮೂರು ಜಾಗದಲ್ಲಿ ಕಂಡರೆ ಅದು ಮೂರು ದಾಳಿಯೋ ಒಂದೋ? ಅದನ್ನು ಬಿಡಿಸಲೆಂದೇ ಬೆಂಟ್ಲಿ ಪ್ರಯರಿಯಲ್ಲಿ ‘ಫಿಲ್ಟರ್ ರೂಮ್’ ಇತ್ತು. ಎಲ್ಲ ಕೇಂದ್ರಗಳ ಫೋನು ಅಲ್ಲಿಗೆ. ಅಲ್ಲಿ ತಾಳೆ ನೋಡಿ, ಕಾಳು ಜೊಳ್ಳು ಬೇರ್ಪಡಿಸಿದ ಸುದ್ದಿ ಮಾತ್ರ ಮುಂದಕ್ಕೆ. ರೇಡಾರ್ ನೋಡುತ್ತಿದ್ದುದು ಸಮುದ್ರದ ಕಡೆಗೆ. ಕರಾವಳಿ ದಾಟಿ ಒಳಬಂದ ವಿಮಾನಗಳನ್ನು ದುರ್ಬೀನು ಹಿಡಿದು ಲೆಕ್ಕ ಹಾಕುತ್ತಿದ್ದವರು ಅಬ್ಸರ್ವರ್ ಕೋರ್‌ನ ಸ್ವಯಂಸೇವಕರು.

ನನಗೆ ಬಹಳ ಹಿಡಿಸಿದ ಸಂಗತಿ ಅಲ್ಲಿನ ಗಡಿಯಾರ. ಅದರ ಮುಖವನ್ನು ಐದೈದು ನಿಮಿಷಕ್ಕೆ ಕೆಂಪು, ಹಳದಿ, ನೀಲಿ ಎಂದು ಹಂಚಿದ್ದರು. ನಕ್ಷೆ ಹಾಸಿದ ದೊಡ್ಡ ಮೇಜಿನ ಮೇಲೆ ಮಹಿಳಾ ಸಿಬ್ಬಂದಿ ಬಾಣಗಳನ್ನು ಇಡುವಾಗ ಆ ಹೊತ್ತಿಗೆ ಮುಳ್ಳು ಯಾವ ಬಣ್ಣದ ಮೇಲಿದೆಯೋ ಅದೇ ಬಣ್ಣದ ಬಾಣ. ಮೇಲಿನ ಮಾಳಿಗೆಯಿಂದ ನೋಡುವ ಅಧಿಕಾರಿಗೆ ಯಾವುದು ತಾಜಾ ಸುದ್ದಿ, ಯಾವುದು ಹಳಸಿದ್ದು ಎಂದು ಯಾರನ್ನೂ ಕೇಳದೆ ತಿಳಿಯುತ್ತಿತ್ತು.

ದೇಶವನ್ನು ನಾಲ್ಕು ‘ಗ್ರೂಪ್’ ಮಾಡಿದ್ದರು. ಲಂಡನ್ ಮತ್ತು ಆಗ್ನೇಯ ಭಾಗ ಕೀತ್ ಪಾರ್ಕ್ ಅವರ 11ನೇ ಗ್ರೂಪಿಗೆ. ಯಾವ ಸ್ಕ್ವಾಡ್ರನ್, ಅಂದರೆ ಯಾವ ವಿಮಾನ ದಳ, ಹೊರಡಬೇಕೆಂದು ಗ್ರೂಪ್ ನಿರ್ಧರಿಸುತ್ತಿತ್ತು, ಹೊರಟವರಿಗೆ ರೇಡಿಯೊದಲ್ಲಿ ದಾರಿ ಹೇಳುವುದು ಅದರ ಕೆಳಗಿನ ‘ಸೆಕ್ಟರ್’ ಕೆಲಸ. ಅಲ್ಲಿ ಹುಟ್ಟಿದ ಭಾಷೆಯೇ ಬೇರೆ. ‘ಸ್ಕ್ರ್ಯಾಂಬಲ್’ ಎಂದರೆ ಇದ್ದಬದ್ದದ್ದು ಬಿಟ್ಟು ಓಡಿ ವಿಮಾನ ಏರು. ‘ವೆಕ್ಟರ್’ ಹೋಗಬೇಕಾದ ದಿಕ್ಕು, ‘ಏಂಜಲ್ಸ್ 15’ ಎಂದರೆ 15,000 ಅಡಿ ಎತ್ತರ, ‘ಬ್ಯಾಂಡಿಟ್’ ಶತ್ರು ವಿಮಾನ. ಮರಳಿ ಇಳಿಯಲು ‘ಪ್ಯಾನ್‌ಕೇಕ್’. ನಮ್ಮವರಾಗಿದ್ದರೆ ದೋಸೆ ಎನ್ನುತ್ತಿದ್ದರೇನೋ.

ಏರ್ಪಾಡು ಮೊದಲ ದಿನದಿಂದಲೇ ನೆಟ್ಟಗಿತ್ತೆಂದಲ್ಲ. ಯುದ್ಧ ಸಾರಿ ಮೂರೇ ದಿನಕ್ಕೆ, 1939ರ ಸೆಪ್ಟೆಂಬರ್ 6ರಂದು ಗೊಂದಲದಲ್ಲಿ ಸ್ಪಿಟ್‌ಫೈರ್‌ಗಳು ತಮ್ಮದೇ ಎರಡು ಹರಿಕೇನ್ ವಿಮಾನಗಳನ್ನು ಹೊಡೆದುರುಳಿಸಿದವು, ಒಬ್ಬ ಪೈಲಟ್ ಸತ್ತ.

ಇಷ್ಟೆಲ್ಲದರ ಹಿಂದಿದ್ದುದು ಡೌಡಿಂಗ್ ಅವರ ಜಿಪುಣತನ ಎಂದು ನನ್ನ ಲೆಕ್ಕ. ಒಂದು ವಿಮಾನ, ಒಬ್ಬ ಪೈಲಟ್ ಕೂಡ ವ್ಯರ್ಥವಾಗಿ ಹಾರಬಾರದು. ಷಿಕಾಗೋ ಗೂಂಡಾಗಳ ಕಾರಿಗೆ ಸಿಗುವ ಗುಂಡು ನಿರೋಧಕ ಗಾಜು ನನ್ನ ಹುಡುಗರಿಗೇಕಿಲ್ಲ ಎಂದು ಕೇಳಿದವರು ಅವರು. 1940ರ ಮೇ 16ರಂದು, ಫ್ರಾನ್ಸ್ ಕುಸಿಯುತ್ತಿದ್ದಾಗ, ಇನ್ನಷ್ಟು ಫೈಟರ್‌ಗಳನ್ನು ಅಲ್ಲಿಗೆ ಕಳುಹಿಸಬೇಡಿ ಎಂದು ಸಚಿವಾಲಯಕ್ಕೆ ಪತ್ರ ಬರೆದರು. ಸ್ವದೇಶ ಕಾಯಲು ಬೇಕೆಂದು ಲೆಕ್ಕ ಹಾಕಿದ್ದ 52 ಸ್ಕ್ವಾಡ್ರನ್‌ಗಳಲ್ಲಿ ಉಳಿದದ್ದು 36.

ಗೆದ್ದ ಮೇಲೆ ಸಿಕ್ಕಿದ್ದೇನು? ದೊಡ್ಡ ಗುಂಪು ಕಟ್ಟಿಕೊಂಡು ಹೋಗಿ ಹೊಡೆಯಬೇಕಿತ್ತು ಎಂಬ ‘ಬಿಗ್ ವಿಂಗ್’ ವಾದ ಮೇಲುಗೈ ಪಡೆಯಿತು. ನವೆಂಬರ್ ಮುಗಿಯುವುದರೊಳಗೆ ಅವರ ಕುರ್ಚಿಯಲ್ಲಿ ಶೋಲ್ಟೊ ಡಗ್ಲಸ್ ಕುಳಿತಿದ್ದರು. 1943ರಲ್ಲಿ ಬಿರುದು ಬಂದಾಗ ತಾನು ಬೆಂಟ್ಲಿ ಪ್ರಯರಿಯ ಬ್ಯಾರನ್ ಎನಿಸಿಕೊಂಡರು ಡೌಡಿಂಗ್. ನಿವೃತ್ತಿಯ ನಂತರ ಥಿಯಾಸಫಿ, ಪ್ರೇತವಾದ, ಸಸ್ಯಾಹಾರ, ಪ್ರಾಣಿದಯೆ ಎಂದು ಇನ್ನೊಂದೇ ಲೋಕಕ್ಕೆ ಹೊರಳಿ, 1970ರಲ್ಲಿ ತೀರಿಕೊಂಡರು. ಚಿತಾಭಸ್ಮ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿದೆ.

ಅವರನ್ನು ಇಳಿಸಿದವರು ಅವರ ಏರ್ಪಾಡನ್ನು ಮಾತ್ರ ಇಳಿಸಲಿಲ್ಲ. 1941ರ ಜೂನ್‌ನಲ್ಲಿ ಅದೇ ಏರ್ಪಾಡಿನಡಿ ಫೈಟರ್ ಕಮಾಂಡಿಗೆ ಹೊಸ ಸ್ಪಿಟ್‌ಫೈರ್ ದಳವೊಂದು ಸೇರಿತು. ಮೈಸೂರು ಸಂಸ್ಥಾನ ಯುದ್ಧಕ್ಕೆ ಕೊಟ್ಟ ದೇಣಿಗೆಯ ನೆನಪಿಗೆ ಅದರ ಹೆಸರು 129 (ಮೈಸೂರು) ಸ್ಕ್ವಾಡ್ರನ್. ಲಾಂಛನದಲ್ಲಿ ನಮ್ಮ ಗಂಡಭೇರುಂಡ.