ಕಾರ್ಡ್ ಇದೆ ಸಾರ್, ಹೆಸರೇ ಇಲ್ಲ

ಚುನಾವಣೆಯ ದಿನ ಬೆಳಗ್ಗೆ ಏಳಕ್ಕೆಲ್ಲ ನನ್ನ ಫೋನ್ ಹೊಡೆದುಕೊಳ್ಳಲು ಶುರುವಾಗುತ್ತದೆ. ಯಾರೇ ಮಾಡಲಿ, ಮಾತು ಒಂದೇ. "ಕಾರ್ಡ್ ಇದೆ ಸಾರ್, ವೋಟ್ ಹಾಕೋಕೆ ಬಿಡ್ತಿಲ್ಲ."

ನಾನು ತಾಲ್ಲೂಕು ಕೋರ್ಟಿನಲ್ಲಿ ವಕೀಲ. ನಾಗರಹೊಳೆ ಕಾಡಿನ ಸುತ್ತಿನ ಹಾಡಿಗಳ, ಅಂದರೆ ಆದಿವಾಸಿ ಕೇರಿಗಳ, ಜನರ ಜಾತಿ ಪ್ರಮಾಣಪತ್ರ, ಅರಣ್ಯ ಹಕ್ಕಿನ ಅರ್ಜಿ, ಮತದಾರರ ಪಟ್ಟಿ, ಇಂಥ ಕೆಲಸಗಳನ್ನು ಬಹಳ ವರ್ಷದಿಂದ ಮಾಡಿಕೊಂಡು ಬಂದಿದ್ದೇನೆ. ಅಷ್ಟೂ ವರ್ಷ ಬಾಯಲ್ಲಿ ಹೇಳಿದ್ದನ್ನು ಇವತ್ತು ಬರೆದೇಬಿಡುತ್ತೇನೆ. ನಿಮ್ಮ ಹತ್ತಿರ ಗುರುತಿನ ಚೀಟಿ ಇದೆ ಅಂದ ಮಾತ್ರಕ್ಕೆ ವೋಟು ಇಲ್ಲ. ಪಟ್ಟಿಯಲ್ಲಿ ಹೆಸರಿದ್ದರೆ ಮಾತ್ರ ವೋಟು. ಹೇಳಿದಾಗ ಎಲ್ಲರೂ "ಗೊತ್ತು ಬಿಡಿ" ಅನ್ನುತ್ತಾರೆ. ಮತ್ತೆ ಚುನಾವಣೆಯ ದಿನ ಅದೇ ಫೋನ್.

2023ರ ಮೇ 10, ವಿಧಾನಸಭೆ ಚುನಾವಣೆ. ಕಾಡಂಚಿನ ಒಂದು ಹಾಡಿಯಿಂದ ಜೇನುಕುರುಬರ ಅಜ್ಜಿಯೊಬ್ಬರು ಬಿಸಿಲೇರುವ ಮೊದಲೇ ನಡೆದು ಮತಗಟ್ಟೆಗೆ ಬಂದಿದ್ದರು. ಕಾರ್ಡನ್ನು ಪ್ಲಾಸ್ಟಿಕ್ ಕವರಿನಲ್ಲಿ ಮಡಿಸಿ, ರಬ್ಬರ್ ಬ್ಯಾಂಡ್ ಹಾಕಿ, ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದರು. ಲ್ಯಾಮಿನೇಷನ್ ಮೂಲೆಯಲ್ಲಿ ಬಿಟ್ಟುಕೊಂಡಿತ್ತು, ಫೋಟೊ ಮಾಸಿತ್ತು, ನಂಬರು ಮಾತ್ರ ಚೆನ್ನಾಗಿಯೇ ಕಾಣುತ್ತಿತ್ತು. ಪಟ್ಟಿ ತೆಗೆದು ನೋಡಿದರೆ ಅವರ ಹೆಸರಿನ ಚೌಕದ ಮೇಲೆ ಅಡ್ಡಡ್ಡ ಡಿಲೀಟೆಡ್ ಎಂದು ಅಚ್ಚಾಗಿದೆ, ಪಕ್ಕದಲ್ಲಿ ಎಸ್ ಅಕ್ಷರ.

"ಹಂಗಂದ್ರೆ ಏನಪ್ಪಾ?" ಎಂದರು.

ಎಸ್ ಅಂದರೆ ಊರು ಬಿಟ್ಟು ಬೇರೆ ಕಡೆ ಹೋಗಿ ನೆಲೆಸಿದವರು. ಹೇಳಿದೆ. ಅಜ್ಜಿ ಸ್ವಲ್ಪ ಹೊತ್ತು ನನ್ನ ಮುಖವನ್ನೇ ನೋಡಿದರು. "ನಾನೆಲ್ಲಿಗೂ ಹೋಗಿಲ್ವಲ್ಲಪ್ಪಾ. ಕಾಫಿ ಕುಯ್ಯೋಕೆ ಹೋಗಿದ್ದೆ, ಅಷ್ಟೇಯ." ಹುಟ್ಟಿದ ಹಾಡಿಯಲ್ಲೇ ಮುದುಕಿಯಾದ ಹೆಂಗಸು. ಉಳಿದವರೆಲ್ಲ ವೋಟು ಹಾಕಿ ಬರುವವರೆಗೂ ಶಾಲೆಯ ಜಗುಲಿಯಲ್ಲಿ ಕವರನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದರು. ಆ ದಿನ ನನ್ನಿಂದ ಏನೂ ಮಾಡಲಾಗಲಿಲ್ಲ. ಯಾರಿಂದಲೂ ಆಗುವುದಿಲ್ಲ. ನಾಮಪತ್ರ ಸಲ್ಲಿಸುವ ಕೊನೆಯ ದಿನ ಕಳೆದ ಮೇಲೆ ಆ ಚುನಾವಣೆ ಮುಗಿಯುವವರೆಗೆ ಪಟ್ಟಿಗೆ ಹೆಸರು ಸೇರಿಸಲು ಕಾನೂನಿನಲ್ಲೇ ದಾರಿಯಿಲ್ಲ.

ಇದು ಹೇಗಾಗುತ್ತದೆ ನೋಡಿ. ಪಟ್ಟಿಯ ಪರಿಷ್ಕರಣೆ ಸಾಮಾನ್ಯವಾಗಿ ವರ್ಷದ ಕೊನೆಗೆ ಬರುತ್ತದೆ. ಅಕ್ಟೋಬರ್, ನವೆಂಬರ್ ಹೊತ್ತಿಗೆ ಕರಡು ಪಟ್ಟಿ, ಡಿಸೆಂಬರ್‌ವರೆಗೆ ಆಕ್ಷೇಪಣೆ, ಜನವರಿಯಲ್ಲಿ ಅಂತಿಮ ಪಟ್ಟಿ. ಕೊಡಗಿನಲ್ಲಿ ಕಾಫಿ ಕೊಯ್ಲು ಶುರುವಾಗುವುದೂ ನವೆಂಬರಿನಲ್ಲೇ. ಮೊದಲು ಅರೇಬಿಕಾ, ಆಮೇಲೆ ರೋಬಸ್ಟಾ, ಮಾರ್ಚ್‌ವರೆಗೂ ಎಳೆಯುತ್ತದೆ. ಹಾಡಿಗೆ ಹಾಡಿಯೇ ಜೀಪು ಹತ್ತಿ ತೋಟದ ಕೂಲಿಯವರ ಲೈನ್ ಮನೆಗಳಿಗೆ ಹೋಗಿರುತ್ತದೆ. ಮನೆಮನೆಗೆ ಬಂದು ಪಟ್ಟಿ ತಾಳೆ ನೋಡುವ ಮತಗಟ್ಟೆ ಮಟ್ಟದ ಅಧಿಕಾರಿ, ಅಂದರೆ ಬಿಎಲ್ಒ, ಬಂದಾಗ ಗುಡಿಸಲ ಬಾಗಿಲಿಗೆ ತಡಿಕೆ ಕಟ್ಟಿರುತ್ತದೆ. ಪಕ್ಕದವರನ್ನು ಕೇಳೋಣವೆಂದರೆ ಅವರೂ ಇಲ್ಲ. "ಇಲ್ಲಿಲ್ಲ" ಎಂದು ಬರೆದುಕೊಂಡು ಹೋಗುತ್ತಾರೆ. ಬಿಎಲ್ಒಗಳನ್ನು ನಾನು ಬೈಯುವುದಿಲ್ಲ. ಹೆಚ್ಚಿನವರು ಅಂಗನವಾಡಿ ಕಾರ್ಯಕರ್ತೆಯರು, ಶಾಲೆ ಮೇಷ್ಟ್ರುಗಳು. ತಮ್ಮ ಕೆಲಸದ ಮೇಲೆ ಇದನ್ನೂ ಹೊತ್ತವರು. ಆದರೆ ಕಾನೂನು ಏನು ಹೇಳುತ್ತದೆ ಎನ್ನುವುದು ಅವರಿಗೂ ಗೊತ್ತಿರಬೇಕು, ನಮಗೂ ಗೊತ್ತಿರಬೇಕು. 1950ರ ಜನಪ್ರಾತಿನಿಧ್ಯ ಕಾಯ್ದೆಯ 20ನೇ ಸೆಕ್ಷನ್‌ನಲ್ಲೇ ಇದೆ. ತಾತ್ಕಾಲಿಕವಾಗಿ ಊರಿನಿಂದ ಹೊರಗಿದ್ದ ಕಾರಣಕ್ಕೇ ಯಾರೂ ಆ ಊರಿನ ನಿವಾಸಿ ಅಲ್ಲ ಎಂದಾಗುವುದಿಲ್ಲ. ಕೂಲಿಗೆ ನಾಲ್ಕು ತಿಂಗಳು ಹೋದವರು ಊರು ಬಿಟ್ಟವರಲ್ಲ. ಹೆಸರು ತೆಗೆಯುವ ಮೊದಲು ನೋಟಿಸ್ ಕೊಡಬೇಕು, ಅವರ ಮಾತು ಕೇಳಬೇಕು. ಬಾಗಿಲಿಗೆ ಅಂಟಿಸಿದ ನೋಟಿಸನ್ನು ಮಡಿಕೇರಿ ಕಡೆಯ ತೋಟದಲ್ಲಿ ಕೂತು ಓದುವುದು ಹೇಗೆ, ಹೇಳಿ.

ಈಗ ಆ ಒಂದು ಮಾತನ್ನು ಇನ್ನೊಮ್ಮೆ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. ಕಾರ್ಡು ನಿಮ್ಮ ಗುರುತು, ಅಷ್ಟೇ. ಒಂದು ಸಲ ಕೊಟ್ಟರೆ ನಿಮ್ಮ ಪೆಟ್ಟಿಗೆಯಲ್ಲೇ ಇರುತ್ತದೆ, ಯಾರೂ ಬಂದು ವಾಪಸ್ ಇಸ್ಕೊಳ್ಳುವುದಿಲ್ಲ. ಪಟ್ಟಿ ಹಾಗಲ್ಲ. ಅದು ವರ್ಷ ವರ್ಷ ಬದಲಾಗುತ್ತದೆ. ಬ್ಯಾಂಕಿನ ಪಾಸ್‌ಬುಕ್ ಕೈಯಲ್ಲಿದ್ದರೆ ಖಾತೆಯಲ್ಲಿ ದುಡ್ಡಿದೆ ಎಂದು ಹೇಳಲಾಗುತ್ತದೆಯೇ? ಎಂಟ್ರಿ ಹಾಕಿಸಿ ನೋಡಬೇಕು ಅಲ್ವಾ? ಹಾಗೆಯೇ ಇದು. ತಿರುಗಿಸಿ ಹೇಳಿದರೂ ನಿಜ. ಕಾರ್ಡು ಕಳೆದುಹೋಗಿದೆ, ಪಟ್ಟಿಯಲ್ಲಿ ಹೆಸರಿದೆ ಅಂದುಕೊಳ್ಳಿ. ಆಗ ಆಧಾರ್, ನರೇಗಾ ಜಾಬ್ ಕಾರ್ಡ್, ಫೋಟೊ ಇರುವ ಪಾಸ್‌ಬುಕ್, ಚುನಾವಣಾ ಆಯೋಗ ಒಪ್ಪುವ ಇಂಥ ಯಾವುದಾದರೂ ಒಂದನ್ನು ತೋರಿಸಿ ವೋಟು ಹಾಕಬಹುದು. ಕಾರ್ಡು ಇಲ್ಲದವರಿಗೆ ವೋಟು ಸಿಕ್ಕಿದ್ದನ್ನು ನಾನು ಬೇಕಾದಷ್ಟು ನೋಡಿದ್ದೇನೆ. ಹೆಸರು ಇಲ್ಲದವರಿಗೆ ಸಿಕ್ಕಿದ್ದನ್ನು ಒಂದು ಸಲವೂ ನೋಡಿಲ್ಲ.

ಪ್ರತಿ ಚುನಾವಣೆಗೂ ವಾಟ್ಸಾಪ್‌ನಲ್ಲಿ ಒಂದು ಮೆಸೇಜ್ ಓಡಾಡುತ್ತದೆ. ಹೆಸರಿಲ್ಲದಿದ್ದರೆ ಆಧಾರ್ ತೋರಿಸಿ 49ಎ ಪ್ರಕಾರ ಚಾಲೆಂಜ್ ವೋಟ್ ಕೇಳಿ ಅಂತ. ಪೂರ್ತಿ ಸುಳ್ಳು. ಚಾಲೆಂಜ್ ಅನ್ನುವುದು ಪಟ್ಟಿಯಲ್ಲಿ ಹೆಸರಿದ್ದು, ಬಂದಿರುವ ಮನುಷ್ಯ ಅವನೇನಾ ಎಂದು ಅಭ್ಯರ್ಥಿಗಳ ಏಜೆಂಟರು ತಕರಾರು ತೆಗೆದಾಗಿನ ಮಾತು. ಟೆಂಡರ್ಡ್ ವೋಟ್ ಅಂತ ಇನ್ನೊಂದಿದೆ. ಅದು ನಿಮ್ಮ ಹೆಸರಿನಲ್ಲಿ ಬೇರೆಯವರು ಮೊದಲೇ ಹಾಕಿ ಹೋಗಿದ್ದರೆ. ಎರಡಕ್ಕೂ ಪಟ್ಟಿಯಲ್ಲಿ ಹೆಸರು ಇರಲೇಬೇಕು. ಆ ಮೆಸೇಜ್ ನಂಬಿಕೊಂಡು ಓದಿದ ಹುಡುಗರೇ ಮತಗಟ್ಟೆಯಲ್ಲಿ ಜಗಳ ಮಾಡಿ, ಕೂಲಿಗೂ ಹೋಗದೆ ದಿನ ಕಳೆದುಕೊಂಡಿದ್ದಾರೆ.

ದೊಡ್ಡ ಊರಿನಲ್ಲಿ ಇಪ್ಪತ್ತು ಹೆಸರು ಹೋದರೆ ಗೊತ್ತೂ ಆಗುವುದಿಲ್ಲ. ಅರವತ್ತು ಮತದಾರರ ಹಾಡಿಯಲ್ಲಿ ಇಪ್ಪತ್ತು ಹೋದರೆ ಮೂರರಲ್ಲಿ ಒಂದು ಪಾಲು ಹೋಯಿತು. 2011ರ ಜನಗಣತಿಯ ಲೆಕ್ಕದಲ್ಲಿ ರಾಜ್ಯದಲ್ಲಿ ಪರಿಶಿಷ್ಟ ಪಂಗಡದವರು 42 ಲಕ್ಷದ ಮೇಲಿದ್ದಾರೆ. ಅದರಲ್ಲಿ ಜೇನುಕುರುಬರು 36 ಸಾವಿರದಷ್ಟು, ಅವರೂ ಎಚ್.ಡಿ. ಕೋಟೆ, ಹುಣಸೂರು, ಪಿರಿಯಾಪಟ್ಟಣ, ವಿರಾಜಪೇಟೆ ಎಂದು ಹರಿದು ಹಂಚಿಹೋಗಿದ್ದಾರೆ. ಈ ನಾಲ್ಕರಲ್ಲಿ ಪಂಗಡಕ್ಕೆ ಮೀಸಲಾಗಿರುವುದು ಎಚ್.ಡಿ. ಕೋಟೆ ಒಂದೇ. ರಾಜ್ಯದ 224 ಕ್ಷೇತ್ರಗಳಲ್ಲಿ ಪಂಗಡಕ್ಕೆ 15 ಇವೆ. ಪಂಗಡದೊಳಗೆ ನಾಯಕ ಸಮುದಾಯವೇ ದೊಡ್ಡದು, ಹಾಗಾಗಿ ಟಿಕೆಟ್ಟೂ ಹೆಚ್ಚಾಗಿ ಅಲ್ಲಿಗೇ ಹೋಗುತ್ತದೆ. ಅದಕ್ಕೆ ಅವರನ್ನು ದೂರಬೇಕಿಲ್ಲ, ಪಾರ್ಟಿಗಳು ಲೆಕ್ಕ ಹಾಕುವುದೇ ಹಾಗೆ. ಉತ್ತರ ಕನ್ನಡದ ಸಿದ್ದಿಗಳನ್ನು ನೋಡಿ. ಅವರು ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. 2020ರಲ್ಲಿ ಶಾಂತಾರಾಮ ಸಿದ್ದಿ ಅವರು ವಿಧಾನ ಪರಿಷತ್ತಿಗೆ ಹೋದಾಗ ನಾನು ನಿಜಕ್ಕೂ ಖುಷಿಪಟ್ಟೆ. ಆದರೆ ಅದು ನಾಮನಿರ್ದೇಶನ. ಓಟಿನಿಂದ ಗೆದ್ದು ಬರುವ ಬಾಗಿಲು ಇಂಥ ಸಣ್ಣ ಸಮುದಾಯಗಳಿಗೆ ಸದ್ಯಕ್ಕೆ ಗ್ರಾಮ ಪಂಚಾಯಿತಿಯಲ್ಲೇ ಇದೆ.

ಅಲ್ಲಿಯೂ ಪಟ್ಟಿಯೇ ಮುಖ್ಯ. 2020ರ ಡಿಸೆಂಬರಿನಲ್ಲಿ ಪಂಚಾಯಿತಿ ಚುನಾವಣೆ ಬಂದಾಗ ಒಬ್ಬ ಹೆಣ್ಣುಮಗಳು ನನ್ನ ಹತ್ತಿರ ಬಂದಳು. ಪಿಯುಸಿ ಓದಿದವಳು, ಹಾಡಿಯ ಸಂಘದ ಲೆಕ್ಕ ಬರೆಯುತ್ತಿದ್ದವಳು, ಯಾರ ಎದುರೂ ತಡವರಿಸದೆ ಮಾತಾಡುವವಳು. ಪಂಗಡದ ಮಹಿಳೆಗೆ ಮೀಸಲಾದ ಸೀಟಿತ್ತು, ಹಾಡಿಯವರೆಲ್ಲ ಸೇರಿ ಅವಳನ್ನೇ ನಿಲ್ಲಿಸೋಣ ಎಂದು ತೀರ್ಮಾನ ಮಾಡಿದ್ದರು. ಜಾತಿ ಪ್ರಮಾಣಪತ್ರ ಇತ್ತು, ಠೇವಣಿ ದುಡ್ಡು ಎಲ್ಲರೂ ಹಾಕಿ ಕೂಡಿಸಿದ್ದರು, ಕಾರ್ಡೂ ಇತ್ತು. ನಾನು ಪಟ್ಟಿ ನೋಡಿದೆ. ಅವಳ ಹೆಸರು ಇನ್ನೂ ತವರಿನ ಪಂಚಾಯಿತಿಯಲ್ಲೇ ಇತ್ತು. ಮದುವೆಯಾಗಿ ಬಂದ ಮೇಲೆ ಯಾರೂ ಬದಲಿಸಿರಲಿಲ್ಲ. ಯಾವ ಪಂಚಾಯಿತಿಗೆ ನಿಲ್ಲುತ್ತೀರೋ ಅದರ ಪಟ್ಟಿಯಲ್ಲಿ ಹೆಸರಿರಬೇಕು. ಅರ್ಜಿ ಕೊಟ್ಟು, ನೋಟಿಸಿನ ಅವಧಿ ಮುಗಿದು, ಹೆಸರು ಸೇರುವಷ್ಟು ದಿನ ಉಳಿದಿರಲಿಲ್ಲ. "ಮೊದಲೇ ಯಾರಾದ್ರೂ ಹೇಳಿದ್ರೆ" ಎಂದಳು. ಆ ಮಾತು ಇವತ್ತಿಗೂ ನನ್ನನ್ನು ಬಿಟ್ಟಿಲ್ಲ. ಈ ಬರಹಕ್ಕೂ ಅದೇ ಕಾರಣ.

ಏನು ಮಾಡಬೇಕು? ಹೊಸದಾಗಿ ಸೇರಲು, ಅಥವಾ ತೆಗೆದ ಹೆಸರನ್ನು ಮತ್ತೆ ಸೇರಿಸಲು ನಮೂನೆ 6. ವಿಳಾಸ ಬದಲಾಗಿದ್ದರೆ, ಹೆಸರು ವಯಸ್ಸು ತಪ್ಪಾಗಿದ್ದರೆ ನಮೂನೆ 8. ತೆಗೆಯಿರಿ ಎಂದು ಕೇಳುವುದಕ್ಕೆ ನಮೂನೆ 7, ಅದನ್ನು ಯಾರಾದರೂ ನಿಮ್ಮ ಕೈಯಲ್ಲಿ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ತಂದರೆ ಓದಿಸಿ ಕೇಳದೆ ಒತ್ತಬೇಡಿ. ಹದಿನೆಂಟು ತುಂಬಿದ ಮಕ್ಕಳು ಜನವರಿವರೆಗೆ ಕಾಯಬೇಕಿಲ್ಲ, ಈಗ ಜನವರಿ, ಏಪ್ರಿಲ್, ಜುಲೈ, ಅಕ್ಟೋಬರ್ ಒಂದನೇ ತಾರೀಕು, ನಾಲ್ಕೂ ಲೆಕ್ಕಕ್ಕಿದೆ. ತೋಟದ ಲೈನ್ ಮನೆಯಲ್ಲೇ ತಲೆಮಾರಿನಿಂದ ಇರುವ ಯರವರು, ಪಣಿಯರಂಥ ಆದಿವಾಸಿಗಳು ವಿಳಾಸದ ಕಾಗದ ಇಲ್ಲವೆಂದು ಸುಮ್ನೆ ಕೂರಬಾರದು. ಕಾಗದ ಇಲ್ಲದಿದ್ದರೆ ಬಿಎಲ್ಒ ಸ್ಥಳಕ್ಕೆ ಬಂದು ನೋಡಿ ಖಚಿತ ಮಾಡಿಕೊಳ್ಳಬೇಕು ಎಂದು ನಮೂನೆ 6ರಲ್ಲೇ ಬರೆದಿದೆ. ಆದರೆ ಹಾಡಿಯಲ್ಲೂ ತೋಟದಲ್ಲೂ ಎರಡೂ ಕಡೆ ಹೆಸರು ಇಟ್ಟುಕೊಳ್ಳಬೇಡಿ, ಅದು ತಪ್ಪು. ಬೇರೆಲ್ಲೂ ಹೆಸರಿಲ್ಲ ಎಂದು ಸುಳ್ಳು ಬರೆದುಕೊಟ್ಟರೆ ಒಂದು ವರ್ಷದವರೆಗೆ ಶಿಕ್ಷೆಯಾಗಬಹುದು. ಅರ್ಜಿ ತಿರಸ್ಕಾರವಾದರೆ ಆದೇಶದಿಂದ 15 ದಿನದೊಳಗೆ ಜಿಲ್ಲಾಧಿಕಾರಿಗೆ ಮೇಲ್ಮನವಿ ಹಾಕಬಹುದು. ಇದೆಲ್ಲ ಸಾಮಾನ್ಯ ನಿಯಮ. ಒಬ್ಬೊಬ್ಬರ ಕಾಗದ ಒಂದೊಂದು ಥರ ಇರುತ್ತದೆ, ಅದನ್ನು ನೋಡದೆ ನಾನು ಖಚಿತವಾಗಿ ಹೇಳುವುದಿಲ್ಲ.

2025ರಲ್ಲಿ ಬಿಹಾರದ ಕರಡು ಪಟ್ಟಿಯಿಂದ ಸುಮಾರು 65 ಲಕ್ಷ ಹೆಸರು ಬಿಟ್ಟುಹೋದಾಗ, ಅಷ್ಟೂ ಹೆಸರನ್ನು ಕಾರಣ ಸಮೇತ ಪ್ರಕಟಿಸಿ ಎಂದು ಸುಪ್ರೀಂ ಕೋರ್ಟ್ ಹೇಳಿತು. ಪ್ರಕಟಿಸಿದ್ದನ್ನು ಓದುವವರು ಊರಲ್ಲಿ ಒಬ್ಬರಾದರೂ ಬೇಕಲ್ಲ.

ಆ ಅಜ್ಜಿಯ ಹಾಡಿಯಲ್ಲಿ ಈಗ ಒಬ್ಬ ಹುಡುಗನಿದ್ದಾನೆ, ಅವರ ಮೊಮ್ಮಗನೇ. ಕರಡು ಪಟ್ಟಿ ಬಂದ ಕೂಡಲೇ ಜೆರಾಕ್ಸ್ ಮಾಡಿಸಿಕೊಂಡು ಹೋಗುತ್ತಾನೆ. ಜನ ತೋಟಕ್ಕೆ ಹೊರಡುವ ಮೊದಲು ಒಂದು ಸಂಜೆ ಎಲ್ಲರನ್ನೂ ಕೂರಿಸಿ, ಒಂದೊಂದೇ ಹೆಸರು ಜೋರಾಗಿ ಓದುತ್ತಾನೆ. ಇದ್ದವರು "ಹ್ಞೂಂ" ಅನ್ನಬೇಕು. ಒಂದೇ ಹೆಸರಿನವರು ಮೂರು ನಾಲ್ಕು ಮಂದಿ ಇರುವುದರಿಂದ ಗಂಡನ ಹೆಸರು, ಅಪ್ಪನ ಹೆಸರು ಸೇರಿಸಿ ಓದುತ್ತಾನೆ. ಅಜ್ಜಿಯ ಹೆಸರು ಮತ್ತೆ ಸೇರಿದೆ. 2024ರ ಏಪ್ರಿಲ್ 26ರಂದು ಅದೇ ಕವರು, ಅದೇ ರಬ್ಬರ್ ಬ್ಯಾಂಡ್ ಹಿಡಿದುಕೊಂಡು ಬಂದು ಲೋಕಸಭೆಗೆ ವೋಟು ಹಾಕಿದರು.

ಹೋದ ಸಲ ಪಟ್ಟಿ ಓದುತ್ತಲೇ ಅವನು ನನಗೆ ಫೋನ್ ಮಾಡಿದ್ದ. ಹಿಂದೆ ಜನರ ಗಲಾಟೆ ಕೇಳುತ್ತಿತ್ತು.

"ಸಾರ್, ನಮ್ಮಕ್ಕನಿಗೆ ಅಪ್ಪನ ವಯಸ್ಸು ಹಾಕ್ಬಿಟ್ಟವ್ರೆ. ನಮೂನೆ ಎಂಟು ತಾನೆ?"

"ಹೌದಪ್ಪ, ಎಂಟು" ಎಂದೆ.